ಇಲ್ಲದ ಕೆರೆಯ ದಂಡೆಯಲ್ಲಿ ನಾಲ್ಕು ದಿನ

ಹೊರಡುವ ಮುಂಚೆ

ನಾನು ಮತ್ತು ನನ್ನ ಅಣ್ಣನ ಮಗ ಎರಡು ವರ್ಷದಿಂದ ಒಂದು ಕಥೆ ಕಟ್ಟುತ್ತಿದ್ದೇವೆ. ನಾನು ಸಾಗರದ ಹತ್ತಿರದ ಹಳ್ಳಿ ಶಾಲೆಯಲ್ಲಿ ಕನ್ನಡ ಟೀಚರ್. ಅವನು ಬೆಂಗಳೂರಿನ ಬನಶಂಕರಿಯಲ್ಲಿ ಬೆಳೆಯುತ್ತಿರುವ ಹನ್ನೆರಡು ವರ್ಷದ ಮಾಣಿ. ಭಾನುವಾರ ಸಂಜೆ ಅವನು ಫೋನ್ ಮಾಡುತ್ತಾನೆ, ಕಥೆ ಒಂದು ಹೆಜ್ಜೆ ಮುಂದೆ ಹೋಗುತ್ತದೆ.

ಕಥೆಯಲ್ಲಿ ಒಂದು ಪಂಥ ಇದೆ. ಅವರಿಗೆ ನಾವಿಟ್ಟ ಹೆಸರು ಜಾಡಿನವರು. ಕಾಲ ಹೊಳೆ ಇದ್ದ ಹಾಗೆ, ಹೀಗೂ ಹರಿಯಬಹುದಿತ್ತು, ಹಾಗೂ ಹರಿಯಬಹುದಿತ್ತು. ಹರಿಯದೆ ನಿಂತುಹೋದ ಕಾಲ ಪೂರ್ತಿ ಮಾಯವಾಗುವುದಿಲ್ಲ, ಅಲ್ಲೊಂದು ಇಲ್ಲೊಂದು ಚೂರು ಬೀಳಿಸಿ ಹೋಗುತ್ತದೆ. ಜಾಡಿನವರು ಅದನ್ನು ಹುಡುಕುತ್ತಾರೆ. ಹಿಂದಕ್ಕೆ ಹೋಗುವ ಯಂತ್ರ ಅವರ ಹತ್ತಿರ ಇಲ್ಲ. ಅವರಿಗಿರುವುದು ಕಾಲು, ಕಣ್ಣು, ಕಿವಿ ಮತ್ತು ಒಂದು ಕಡತ. ಕಳೆದ ಕಾಲವನ್ನು ವಾಪಸ್ ತರುವಂತಿಲ್ಲ. ಗುರುತು ಸಿಕ್ಕಿದರೆ ಇದ್ದಲ್ಲೇ ಬಿಟ್ಟು, ಬರೆದುಕೊಂಡು ಬರಬೇಕು. ಇಷ್ಟೇ ಅವರ ನಿಯಮ.

ಅವರ ಚಿಹ್ನೆ ೞ. ಇದು ನನ್ನ ಹಟ. ಹಳಗನ್ನಡದಲ್ಲಿ ಏಳು ಅನ್ನುವುದನ್ನು ಏೞು ಎಂದು ಬರೆಯುತ್ತಿದ್ದರು. ತಮಿಳರೂ ಮಲಯಾಳಿಗಳೂ ಆ ಅಕ್ಷರವನ್ನು ಇಟ್ಟುಕೊಂಡರು, ನಮ್ಮ ಬಾಯಲ್ಲಿ ಅದು ಸವೆದು ಹೋಯಿತು. 13ನೇ ಶತಮಾನದಲ್ಲಿ ಕೇಶಿರಾಜ ತನ್ನ ವ್ಯಾಕರಣದಲ್ಲಿ ೞ ಇರುವ ಪದಗಳನ್ನು ಪಟ್ಟಿ ಮಾಡಿ ಇಟ್ಟ. ಜನ ಮರೆಯುತ್ತಿದ್ದಾರೆ ಅನ್ನುವುದು ಗೊತ್ತಿಲ್ಲದೆ ಹಾಗೆ ಪಟ್ಟಿ ಮಾಡುತ್ತಾರಾ? ನನ್ನ ಲೆಕ್ಕದಲ್ಲಿ ಅವನೇ ಮೊದಲ ಜಾಡಿನವನು.

ಈ ಬೇಸಿಗೆ ರಜೆಯಲ್ಲಿ ಮಾಣಿ ಹಟ ಹಿಡಿದ. "ಅತ್ತೆ, ಫೋನಲ್ಲಿ ಸಾಕು. ನೀನು ಬಾ. ಜಾಡಿನವರ ಹಾಗೆ ನಾಲ್ಕು ದಿನ ತಿರುಗೋಣ." ಚೈತ್ರ ಹುಣ್ಣಿಮೆಗೆ ಕರಗವೂ ಇತ್ತು. ಹೊರಟೆ.

ಹೋಗುವ ಮುಂಚೆ ಒಂದು ಕಡತ ಮಾಡಿದೆ. ಈಗ ಕಡತ ಅಂದರೆ ಆಫೀಸಿನ ಫೈಲು. ಹಿಂದೆ ಅದು ಬಟ್ಟೆಯ ಪುಸ್ತಕ. ಹುಣಸೆ ಬೀಜ ಹುರಿದು, ಸಿಪ್ಪೆ ಬಿಡಿಸಿ, ರಾತ್ರಿ ನೆನೆಸಿ, ಬೆಳಿಗ್ಗೆ ನುಣ್ಣಗೆ ರುಬ್ಬಿ ಗಂಜಿ ಹಾಗೆ ಕಾಯಿಸಿದೆ. ಅಂಟು ಎಳೆ ಎಳೆಯಾಗಿ ಬರುವಾಗ ಇದ್ದಿಲ ಪುಡಿ ಬೆರೆಸಿದೆ. ಹಳೆಯ ಪಂಚೆಯೊಂದನ್ನು ಹರಿದು ಎರಡೂ ಮಗ್ಗುಲಿಗೆ ಹಚ್ಚಿ ಒಣಗಿಸಿದೆ. ಹೀಗೆ ಮೂರು ಸಲ. ಅಂಗೈ ಎರಡು ದಿನ ಕಪ್ಪಗೇ ಇತ್ತು. ಒಣಗಿದ ಬಟ್ಟೆ ಸಣ್ಣ ತಗಡಿನ ಹಾಗೆ ಗಟ್ಟಿಯಾಯಿತು. ಅದನ್ನು ಬೀಸಣಿಗೆ ಹಾಗೆ ಹಿಂದೆ ಮುಂದೆ ಮಡಚಿದೆ. ಬಳಪದಲ್ಲಿ ಬರೆದರೆ ಬೆಳ್ಳಗೆ ಅಕ್ಷರ ಮೂಡುತ್ತದೆ. ಒದ್ದೆ ಬಟ್ಟೆಯಲ್ಲಿ ಒರೆಸಿದರೆ ಹೋಗುತ್ತದೆ. ತಿದ್ದಲು ಬರುವ ಪುಸ್ತಕ. ಜಾಡಿನವರಿಗೆ ಬೇಕಾದ್ದೂ ಅದೇ.

ಮೊದಲ ದಿನ: ಮೆಜೆಸ್ಟಿಕ್

ರಾತ್ರಿ ರೈಲು. ಬೆಳಗಿನ ಜಾವ ಎಚ್ಚರವಾದಾಗ ಕಿಟಕಿಯ ಆಚೆ ಯಶವಂತಪುರ. ಇದೇ ಯಶವಂತಪುರದಲ್ಲಿ 1891ರಲ್ಲಿ 163 ಬೆಳ್ಳಿ ನಾಣ್ಯ ಸಿಕ್ಕಿದ್ದವು. ರೋಮಿನ ನಾಣ್ಯಗಳು. ಅಗಸ್ಟಸ್, ಟೈಬೀರಿಯಸ್ ಚಕ್ರವರ್ತಿಗಳ ಕಾಲದವು. 1965ರಲ್ಲಿ ಎಚ್‌ಎಎಲ್ ಹತ್ತಿರ ಇನ್ನೂ ಒಂದಷ್ಟು ಸಿಕ್ಕವು. ಎರಡು ಸಾವಿರ ವರ್ಷದ ಹಿಂದೆ ಸಮುದ್ರ ದಾಟಿ ಬಂದ ದುಡ್ಡು ಈ ಮಣ್ಣಿಗೆ ಹೇಗೆ ಬಿತ್ತು? ಯಾರ ಸೊಂಟದ ಚೀಲದಲ್ಲಿತ್ತು? ಬಿಟ್ಟು ಹೋದವರು ಯಾಕೆ ವಾಪಸ್ ಬರಲಿಲ್ಲ? ಪ್ಲಾಟ್‌ಫಾರ್ಮಿನಲ್ಲಿ ಚಹಾ ಮಾರುವವನ ಕೂಗು ಕೇಳುತ್ತಾ ಅದನ್ನೇ ಯೋಚಿಸಿದೆ.

ಅಣ್ಣ ಮೆಜೆಸ್ಟಿಕ್ಕಿನ ಸ್ಟೇಷನ್ನಿಗೆ ಬಂದಿದ್ದ. ಮನೆಗೆ ಹೋಗಿ, ಸ್ನಾನ ಮಾಡಿ, ಅತ್ತಿಗೆ ಮಾಡಿದ ಅಕ್ಕಿ ರೊಟ್ಟಿ ತಿಂದು, ಮಧ್ಯಾಹ್ನ ಮಾಣಿಯ ಜತೆ ಬಸ್ಸಿನಲ್ಲಿ ಮತ್ತೆ ಮೆಜೆಸ್ಟಿಕ್ಕಿಗೇ ಬಂದೆ.

ಬಸ್ಸಿನಲ್ಲಿ ಕಂಡಕ್ಟರು ಕೂಗುತ್ತಿದ್ದ, "ಮೆಜೆಸ್ಟಿಕ್, ಮೆಜೆಸ್ಟಿಕ್, ಮೆಜೆಸ್ಟಿಕ್." ಮೆಜೆಸ್ಟಿಕ್ ಅನ್ನುವುದು ಒಂದು ಚಿತ್ರಮಂದಿರದ ಹೆಸರು. ಆ ಟಾಕೀಸು ಈಗ ಇಲ್ಲ. ಅದಕ್ಕಿಂತ ಹಿಂದಕ್ಕೆ ಹೋದರೆ ಬಸ್ ನಿಲ್ದಾಣ ಇರುವ ಜಾಗ ಧರ್ಮಾಂಬುಧಿ ಕೆರೆ. 1537ರಲ್ಲಿ ಕೆಂಪೇಗೌಡರು ಪೇಟೆ ಕಟ್ಟಿಸಿದಾಗ ಊರಿಗೆ ನೀರು ಕೊಡುತ್ತಿದ್ದ ಕೆರೆಗಳಲ್ಲಿ ಇದೂ ಒಂದು. 1896ರಲ್ಲಿ ಹೆಸರಘಟ್ಟದಿಂದ ಕೊಳವೆಯಲ್ಲಿ ನೀರು ಬಂತು. ಮನೆ ಬಾಗಿಲಿಗೆ ನಲ್ಲಿ ಬಂದ ಮೇಲೆ ಕೆರೆಯ ಕಡೆ ನೋಡುವವರು ಕಡಿಮೆಯಾದರು. ಕೆರೆ ಬತ್ತಿತು, ಮೈದಾನವಾಯಿತು, ಆಮೇಲೆ ಬಸ್ಸುಗಳು ಬಂದು ನಿಂತವು. ಇಲ್ಲದ ಕೆರೆಯ ಮೇಲೆ ನಿಂತುಕೊಂಡು ಇಲ್ಲದ ಟಾಕೀಸಿನ ಹೆಸರು ಕೂಗುತ್ತಾರೆ. ದಿನಕ್ಕೆ ಲಕ್ಷಗಟ್ಟಲೆ ಜನ ಆ ಕೂಗು ನಂಬಿಕೊಂಡು ಸರಿಯಾದ ಜಾಗಕ್ಕೇ ಬಂದು ಇಳಿಯುತ್ತಾರೆ.

"ಇದು ಒಂದನೇ ಗುರುತು," ಅಂದ ಮಾಣಿ. ಪಕ್ಕದ ರಸ್ತೆಯ ಹೆಸರು ಟ್ಯಾಂಕ್ ಬಂಡ್ ರಸ್ತೆ, ಅಂದರೆ ಕೆರೆ ಏರಿ ರಸ್ತೆ. ಅದನ್ನು ಎರಡನೇ ಗುರುತು ಎಂದು ಬರೆದ. ಒಂದೊಂದು ಅಕ್ಷರ ಒತ್ತಿ ಒತ್ತಿ ಬರೆಯುತ್ತಿದ್ದ. ಬಳಪ ಕಿರ್ ಅನ್ನುತ್ತಿತ್ತು.

ಅಣ್ಣಮ್ಮ ದೇವಿಯ ಗುಡಿಗೆ ಹೋಗಿ ಕೈಮುಗಿದು ಹೊರಗೆ ಬರುವಷ್ಟರಲ್ಲಿ ಮೋಡ ಕಪ್ಪಾಗಿತ್ತು. ಏಪ್ರಿಲ್ ಮಳೆ ಹೇಳಿ ಕೇಳಿ ಬರುವುದಿಲ್ಲ. ಅಂಗಡಿಯೊಂದರ ಮಾಡಿನ ಕೆಳಗೆ ನಿಂತೆವು. ಎದುರಿಗೆ ಫುಟ್‌ಪಾತ್ ಮೇಲೆ ಒಬ್ಬ ಹೂವಿನಮ್ಮ. ವಯಸ್ಸು ಅರವತ್ತರ ಮೇಲೆ. ಮಲ್ಲಿಗೆ ಮೊಗ್ಗಿನ ಬುಟ್ಟಿ, ಒದ್ದೆ ಗೋಣಿ, ಬಾಳೆನಾರಿನ ಸುರುಳಿ. ಆಕೆ ಬುಟ್ಟಿ ಎತ್ತಿಕೊಂಡು, ಎಂಟು ಹತ್ತು ಹೆಜ್ಜೆ ಬಲಕ್ಕೆ ಜರುಗಿ ಕೂತರು. ನೀರು ಮೇಲಿನ ರಸ್ತೆಯಿಂದ ಕೆಂಪಗೆ ಇಳಿದು ಬಂದು, ಆಕೆ ಮೊದಲು ಕೂತಿದ್ದ ಜಾಗದ ಮೇಲೇ ಹರಿದು, ಬಸ್ ನಿಲ್ದಾಣದ ಕಡೆ ಹೋಯಿತು. ಮಾಣಿ ಕಡತ ಬಿಚ್ಚಿ ಅದನ್ನೂ ಬರೆದ. ಅಷ್ಟರಲ್ಲಿ ಗಾಳಿ ತಿರುಗಿ ಎರಚಲು ಒಳಗೆ ಬಂತು. ಕಡತ ಎದೆಗೆ ಅವುಚಿಕೊಂಡ. ಮನೆಗೆ ಹೋಗಿ ಬಿಚ್ಚಿದರೆ ಕೊನೆಯ ಸಾಲು ಪೂರ್ತಿ ಅಳಿಸಿತ್ತು. ಅವನ ಶರಟಿನ ಮೇಲೆ ಇದ್ದಿಲ ಕಲೆ.

ಅಳು ಬರುವ ಹಾಗಿತ್ತು ಅವನ ಮುಖ. ಮತ್ತೆ ಬರೆಯೋಣ ಅಂದೆ. ಅಲ್ಲೇ ತಕರಾರು ಶುರುವಾಯಿತು. ನನ್ನ ನೆನಪಿನಲ್ಲಿ, ನೀರು ಬಂದು ಗೋಣಿಗೆ ತಾಗಿದ ಮೇಲೆ ಆಕೆ ಎದ್ದರು. ಮಾಣಿ ಖಡಾಖಂಡಿತ ಹೇಳಿದ, "ಇಲ್ಲ ಅತ್ತೆ. ಮೊದಲೇ ಎದ್ರು. ನೀರು ಇನ್ನೂ ಬಂದಿರ್ಲಿಲ್ಲ."

ಇಬ್ಬರೂ ಒಂದೇ ಜಾಗದಲ್ಲಿ ನಿಂತು ನೋಡಿದ್ದು. ಕಳೆದದ್ದು ಬರೀ ಮೂರು ತಾಸು. ಆಗಲೇ ಎರಡು ಕಾಲ ಆಗಿತ್ತು. ರಾತ್ರಿ ತುಂಬ ಹೊತ್ತು ನನಗೆ ನಿದ್ದೆ ಬರಲಿಲ್ಲ. ಬೆಳಿಗ್ಗೆ ಎದ್ದವಳೇ ಮಾಣಿಗೆ ಹೇಳಿದೆ, ಜಾಡಿನವರಿಗೆ ಇನ್ನೊಂದು ನಿಯಮ ಬೇಕು. ಪ್ರತಿ ಗುರುತಿಗೂ ಸಾಕ್ಷಿಯ ಹೆಸರು ಬರೆಯಬೇಕು. ಒಬ್ಬರದ್ದು ಸಾಲದು.

ಎರಡನೇ ದಿನ: ಮಲ್ಲೇಶ್ವರ

ಕಾಡು ಮಲ್ಲೇಶ್ವರ ದೇವಸ್ಥಾನದಲ್ಲಿ 1669ರ ಶಾಸನ ಇದೆ. ಏಕೋಜಿ ಮೇದರನಿಂಗನಹಳ್ಳಿ ಅನ್ನುವ ಊರನ್ನು ಮಲ್ಲಪುರದ ಮಲ್ಲಿಕಾರ್ಜುನ ದೇವರಿಗೆ ಬಿಟ್ಟುಕೊಟ್ಟ ಎಂದು ಅದು ಹೇಳುತ್ತದೆ. ಏಕೋಜಿ ಅಂದರೆ ಶಿವಾಜಿಯ ಮಲತಮ್ಮ, ಶಹಾಜಿಯ ಮಗ. ಆಗ ಬೆಂಗಳೂರು ಅವರ ಜಹಗೀರು. ಮುಂದೆ ಅವನು ತಂಜಾವೂರಿಗೆ ಹೋಗಿ ಅಲ್ಲೇ ರಾಜನಾದ. 1687ರಲ್ಲಿ ಬೆಂಗಳೂರು ಮೊಗಲರ ಕೈ ದಾಟಿ ಮೈಸೂರಿನ ಚಿಕ್ಕದೇವರಾಜ ಒಡೆಯರಿಗೆ ಬಂತು. ಮೂರು ಲಕ್ಷ ರೂಪಾಯಿಗೆ ಎಂದು ಹೇಳುತ್ತಾರೆ.

ಮಾಣಿಗೆ ರಾಜರ ವಿಚಾರದಲ್ಲಿ ಆಸಕ್ತಿ ಇರಲಿಲ್ಲ. "ಮೇದರನಿಂಗನಹಳ್ಳಿ ಎಲ್ಲಿದೆ?" ಅಂತ ಕೇಳಿದ. ಆ ಹೆಸರು ಹೇಳಿ ಆಟೊ ಹತ್ತುವ ಹಾಗಿಲ್ಲ ಅಂದೆ. ಮೇದರು ಅಂದರೆ ಬಿದಿರು ಸೀಳಿ ಬುಟ್ಟಿ, ಮೊರ ಹೆಣೆಯುವವರು. ಊರಿನ ಹೆಸರಲ್ಲೇ ಅವರಿದ್ದಾರೆ. ಸುತ್ತ ಬಿದಿರೂ ಇದ್ದಿರಬೇಕು. ಶಾಸನ ಬರೆದವನಿಗೆ ದಾನ ಮುಖ್ಯ. ನಮಗೆ ಹೆಸರು ಮುಖ್ಯ. ದೇವಸ್ಥಾನದ ಹೊರಗೆ ಒಬ್ಬಾಕೆ ಸಣ್ಣ ಬಿದಿರು ಬುಟ್ಟಿಯಲ್ಲಿ ತುಳಸಿ ಇಟ್ಟುಕೊಂಡು ಕೂತಿದ್ದರು. ಮಾಣಿ ಹೂವಿನ ಕಡೆ ನೋಡಲೇ ಇಲ್ಲ, ಬುಟ್ಟಿಯ ಹೆಣಿಗೆಯನ್ನೇ ನೋಡುತ್ತಾ ನಿಂತ.

ಎದುರಿಗೇ ದಕ್ಷಿಣಮುಖ ನಂದಿ ತೀರ್ಥ. ಮೆಟ್ಟಿಲು ಇಳಿದು ಕೆಳಗೆ ಹೋಗಬೇಕು. 1997ರವರೆಗೆ ಇದು ಮಣ್ಣಿನಡಿ ಇತ್ತು. ಮೇಲೆ ಸುಮ್ನೆ ಖಾಲಿ ಜಾಗ. ಅಗೆಯಲು ಹೋದಾಗ ಗುಡಿ ಸಿಕ್ಕಿತು, ಕಲ್ಯಾಣಿ ಸಿಕ್ಕಿತು, ನಂದಿ ಸಿಕ್ಕಿತು. ನಂದಿಯ ಬಾಯಿಂದ ನೀರು ಕೆಳಗಿನ ಲಿಂಗದ ಮೇಲೆ ಬೀಳುತ್ತದೆ, ಅಲ್ಲಿಂದ ಕಲ್ಯಾಣಿಗೆ ಹೋಗುತ್ತದೆ. ಕಲ್ಯಾಣಿಯಲ್ಲಿ ಆಮೆಗಳಿವೆ. ಹೊರಗೆ ಅಷ್ಟು ಬಿಸಿಲು. ಒಳಗೆ ಕಾಲಿಗೆ ಕಲ್ಲು ತಣ್ಣಗೆ ಹತ್ತುತ್ತಿತ್ತು.

ಮಾಣಿ ಬಗ್ಗಿ ನೀರಿನ ಎಳೆ ನೋಡುತ್ತಿದ್ದ. ತುಂಬ ಹೊತ್ತಾದ ಮೇಲೆ ಕೇಳಿದ, "ಅತ್ತೆ, ಮುಚ್ಚಿಹೋಗಿದ್ದಾಗಲೂ ನೀರು ಬೀಳ್ತಾ ಇತ್ತಾ?"

ನನ್ನ ಹತ್ತಿರ ಉತ್ತರ ಇರಲಿಲ್ಲ. ಆ ಪ್ರಶ್ನೆಯನ್ನೇ ಕಡತಕ್ಕೆ ಹಾಕಿಕೊಂಡೆವು. ಸಾಕ್ಷಿಯ ಜಾಗ ಖಾಲಿ ಬಿಟ್ಟೆವು.

ಮಧ್ಯಾಹ್ನ ಹೋಟೆಲಿನಲ್ಲಿ ಊಟ, ಆಮೇಲೆ ಮನೆ. ಆ ದಿನ ಬೇರೆ ಏನೂ ಮಾಡಲಿಲ್ಲ.

ಮೂರನೇ ದಿನ: ಬೇಗೂರು

ಈ ದಿನಕ್ಕಾಗಿಯೇ ನಾನು ಬಂದದ್ದು ಅಂದರೂ ಸರಿ.

ಬೆಂದ ಕಾಳಿನ ಕಥೆ ನಮಗೆಲ್ಲ ಗೊತ್ತು. ಹೊಯ್ಸಳ ವೀರಬಲ್ಲಾಳ ಕಾಡಿನಲ್ಲಿ ದಾರಿ ತಪ್ಪಿದ, ಒಬ್ಬ ಅಜ್ಜಿ ಬೆಂದ ಕಾಳು ಕೊಟ್ಟಳು, ಊರು ಬೆಂದಕಾಳೂರು ಆಯಿತು. ಮಾಣಿಯ ಪಾಠದಲ್ಲೂ ಇದೆ. ವೀರಬಲ್ಲಾಳ 12ನೇ ಶತಮಾನದವನು. ಬೇಗೂರಿನ ಪಂಚಲಿಂಗ ನಾಗೇಶ್ವರ ದೇವಸ್ಥಾನದ ಆವರಣದಲ್ಲಿ ಅದಕ್ಕಿಂತ ಮುನ್ನೂರು ವರ್ಷ ಹಳೆಯ ಕಲ್ಲಿದೆ. ಸುಮಾರು 890ನೇ ಇಸವಿಯದು, ಗಂಗರ ಕಾಲದ್ದು. ಅದರಲ್ಲಿ ಬೆಂಗಳೂರು ಅನ್ನುವ ಹೆಸರು ಇದೆ.

ಬನಶಂಕರಿಯಿಂದ ಬಸ್ಸು ಬದಲಾಯಿಸಿಕೊಂಡು ಹೋದೆವು. ಟ್ರಾಫಿಕ್ಕಿನಲ್ಲಿ ಬಸ್ಸು ನಿಂತು ನಿಂತು ಹೋಯಿತು. ದಾರಿಯುದ್ದಕ್ಕೂ ದೊಡ್ಡ ದೊಡ್ಡ ಅಪಾರ್ಟ್‌ಮೆಂಟು. ಬೇಗೂರು ಕೆರೆ ಇನ್ನೂ ಇದೆ ಅನ್ನುವುದು ಸಮಾಧಾನ. ದೇವಸ್ಥಾನದಲ್ಲಿ ಜನ ಕಡಿಮೆ. ಐದು ಲಿಂಗಕ್ಕೂ ಕೈಮುಗಿದು ಕಲ್ಲಿನ ಹತ್ತಿರ ಹೋದೆವು.

ದೊಡ್ಡ ಕಲ್ಲಲ್ಲ. ಹೆಸರು ಕೇಳಿ ಬಂದವರಿಗೆ ಇಷ್ಟೇನಾ ಅನ್ನಿಸಬಹುದು. ಹತ್ತು ಗಂಟೆಯ ಬಿಸಿಲು ನೇರ ಬೀಳುತ್ತಿತ್ತು, ಅಕ್ಷರ ಕಾಣಲಿಲ್ಲ. ಮಾಣಿಗೆ ನಿರಾಸೆ. ಶಾಸನ ಓದಲು ಓರೆ ಬೆಳಕು ಬೇಕು ಎಂದು ನಾನು ಕಾಲೇಜಿನಲ್ಲಿ ಕಲಿತಿದ್ದೆ. ನನ್ನ ಸೆರಗು ಹರಡಿ ಬಿಸಿಲಿಗೆ ಅಡ್ಡ ಹಿಡಿದೆ. ಮಾಣಿ ಅಪ್ಪನ ಫೋನು ತಂದಿದ್ದ. ಟಾರ್ಚು ಹಾಕಿ ಕಲ್ಲಿನ ಮಗ್ಗುಲಲ್ಲಿ, ನೆಲಕ್ಕೆ ಸಮನಾಗಿ ಹಿಡಿದ. ಅಷ್ಟೇ. ಗೀಚಿದ ಹಾಗೆ ಕಂಡದ್ದು ಸಾಲಾಗಿ ಎದ್ದು ಬಂತು. ಒಂದೊಂದು ಅಕ್ಷರದ ಒಂದು ಅಂಚಿಗೆ ಬೆಳಕು, ಇನ್ನೊಂದು ಅಂಚಿಗೆ ನೆರಳು. ಟಾರ್ಚು ಸ್ವಲ್ಪ ಜರುಗಿಸಿದರೆ ಸಾಲು ಮುಳುಗುತ್ತಿತ್ತು, ವಾಪಸ್ ತಂದರೆ ಏಳುತ್ತಿತ್ತು. ಮುಟ್ಟಬೇಡ ಎಂದು ಹೇಳಬೇಕಾಗಲಿಲ್ಲ. ಅವನ ಬೆರಳು ಕಲ್ಲಿಂದ ಒಂದು ಅಂಗುಲ ಆಚೆಯೇ ಗಾಳಿಯಲ್ಲಿ ಅಕ್ಷರ ತಿದ್ದುತ್ತಿತ್ತು.

"ಇದು ರ ಅಲ್ವಾ?" ಅಂದ. ಹೌದು. ಸಾವಿರದ ನೂರು ವರ್ಷದಲ್ಲಿ ರ ಅಷ್ಟೇನೂ ಬದಲಾಗಿಲ್ಲ.

ಅದರಲ್ಲಿ ಏನು ಬರೆದಿದೆ ಎಂದು ಅವನಿಗೆ ಹೇಳಿದೆ. ನಾಗತ್ತರ ಎಂಬ ಅಧಿಕಾರಿ ಇದ್ದ. ಅವನ ಮನೆಯ ಕಡೆಯ ಬುಟ್ಟಣಸೆಟ್ಟಿ ಬೆಂಗಳೂರ ಕಾಳಗದಲ್ಲಿ ಸತ್ತ. ಇಷ್ಟೇ.

"ಯಾರ ಜತೆ ಕಾಳಗ?"

ಕಲ್ಲು ಹೇಳುವುದಿಲ್ಲ.

"ಯಾರು ಗೆದ್ರು?"

ಅದೂ ಇಲ್ಲ.

ನಾಗತ್ತರನೂ ಮುಂದೆ ಇನ್ನೊಂದು ಯುದ್ಧದಲ್ಲಿ ಸತ್ತ. ಆ ಕಥೆ ಹೇಳುವ ದೊಡ್ಡ ವೀರಗಲ್ಲು ಇದೇ ಬೇಗೂರಿನದು, ಈಗ ಕಸ್ತೂರಬಾ ರಸ್ತೆಯ ಸರ್ಕಾರಿ ವಸ್ತುಸಂಗ್ರಹಾಲಯದಲ್ಲಿದೆ. ಆನೆ, ಕುದುರೆ, ಬಿಲ್ಲು, ಬಿದ್ದವರ ಮೇಲೆ ಹೆಜ್ಜೆಯಿಟ್ಟು ಹೋಗುವವರು, ಎಲ್ಲ ಅದರಲ್ಲಿ ಕೆತ್ತಿದ್ದಾರೆ. ಬುಟ್ಟಣಸೆಟ್ಟಿಯ ಕಲ್ಲಿನಲ್ಲಿ ಅಂಥ ವೈಭವ ಇಲ್ಲ.

ನೆರಳಿಗೆ ಬಂದು ಕೂತೆವು. ಮಾಣಿ ಕಡತ ತೊಡೆಯ ಮೇಲೆ ಬಿಚ್ಚಿಟ್ಟುಕೊಂಡು ಬರೆಯದೆ ಕೂತಿದ್ದ. ಹೊರಡುವ ಮುಂಚೆ ಅವನು ಈ ಜಾಗಕ್ಕೆ ದೊಡ್ಡ ಅಧ್ಯಾಯವನ್ನೇ ಯೋಚಿಸಿದ್ದ. ಬುಟ್ಟಣಸೆಟ್ಟಿ ಸಾಯದ ಕಾಲ ಒಂದಿದೆ, ಅದರಲ್ಲಿ ಅವನು ಗೆದ್ದು ರಾಜನಾಗುತ್ತಾನೆ, ಬೇಗೂರು ರಾಜಧಾನಿಯಾಗುತ್ತದೆ, ಜಾಡಿನವರು ಅವನ ಕಿರೀಟದ ಚೂರು ಹುಡುಕುತ್ತಾರೆ.

"ಅತ್ತೆ, ಅವನು ಸಾಯದೆ ಇದ್ದಿದ್ರೆ ಈ ಕಲ್ಲು ಇರ್ತಿರ್ಲಿಲ್ಲ."

ಇರ್ತಿರ್ಲಿಲ್ಲ ಅಂದೆ.

"ಹಾಗಾದ್ರೆ ಬೆಂಗಳೂರು ಅನ್ನೋ ಹೆಸರು ಅಷ್ಟು ಹಳೇದು ಅಂತ ಇದರಿಂದ ಗೊತ್ತಾಗ್ತಿರ್ಲಿಲ್ಲ."

ನಾನು ಎಷ್ಟೋ ವರ್ಷ ಮಕ್ಕಳಿಗೆ ಈ ಶಾಸನದ ಇಸವಿ ಹೇಳಿಕೊಟ್ಟಿದ್ದೇನೆ. ಈ ರೀತಿ ಯೋಚಿಸಿರಲಿಲ್ಲ. ಬೆಂಗಳೂರಿನ ಹೆಸರು ಈ ಕಲ್ಲಿಗೆ ಬಂದದ್ದು ಊರಿನ ಹೊಗಳಿಕೆಗಲ್ಲ, ದಾನಕ್ಕಲ್ಲ. ಒಬ್ಬ ಮನುಷ್ಯ ಎಲ್ಲಿ ಸತ್ತ ಎಂದು ಹೇಳಬೇಕಿತ್ತು, ಅದಕ್ಕೆ ಬಂತು. ಅವನ ಮನೆಯವರಿಗೆ ಬೆಂಗಳೂರು ಅಂದರೆ ಆ ಸುದ್ದಿ. ಅದಕ್ಕೆ ಕಲ್ಲು ನಿಲ್ಲಿಸಿದರು. ಊರಿನ ಹೆಸರು ಅದರ ಜತೆಗೆ ನಮ್ಮವರೆಗೂ ಬಂತು. ನನಗೆ ಗಂಟಲು ಕಟ್ಟಿತು.

ಮಾಣಿ ತಾನು ಮೊದಲೇ ಬರೆದಿಟ್ಟಿದ್ದ ಸಾಲನ್ನು ಬೆರಳಿಗೆ ಎಂಜಲು ಹಚ್ಚಿ ಅಳಿಸಿದ. ಕಿರೀಟ ಹೋಯಿತು. ಆ ಜಾಗದಲ್ಲಿ ಬುಟ್ಟಣಸೆಟ್ಟಿ ಎಂದು ಬರೆದ. ಆಮೇಲೆ ಮೇಲಿನ ಮಡಿಕೆಗೆ ಹೋಗಿ ನಿಯಮಗಳ ಕೆಳಗೆ ಹೊಸದೊಂದು ಸೇರಿಸಿದ: ಸತ್ತವರ ಹೆಸರು ಗೊತ್ತಿದ್ದರೆ ಮೊದಲು ಅದನ್ನು ಬರೆಯುವುದು.

ಇಂಥ ಕಲ್ಲುಗಳು ಊರಿನ ಎಷ್ಟೋ ಕಡೆ ಇದ್ದವು. ಬಿ.ಎಲ್. ರೈಸ್ ಅವರು 1905ರಲ್ಲಿ ಬೆಂಗಳೂರು ಜಿಲ್ಲೆಯ ಶಾಸನಗಳ ಸಂಪುಟ ಪ್ರಕಟಿಸಿದರು. ಅದರಲ್ಲಿ ದಾಖಲಾದ ಹಲವು ಕಲ್ಲುಗಳು ಈಗ ಜಾಗದಲ್ಲಿಲ್ಲ. ಕೆಲವು ಮತ್ತೆ ಸಿಗುವುದೂ ಉಂಟು. ಹೆಬ್ಬಾಳದ ಕಿತ್ತಯ್ಯನ ಕಲ್ಲು, ಸುಮಾರು ಕ್ರಿ.ಶ. 750ರದು, ಈಚೆಗೆ ಸಿಕ್ಕಿತು. ಊರಿನವರೇ ಸೇರಿ ಅದಕ್ಕೆ ಮಂಟಪ ಕಟ್ಟಿದರು. 1909ರಲ್ಲಿ ಶುರುವಾದ ಇತಿಹಾಸ ಸಂಸ್ಥೆ ಮಿಥಿಕ್ ಸೊಸೈಟಿಯವರು ಈಗ ಇಂಥ ಕಲ್ಲುಗಳನ್ನು ಮೂರು ಆಯಾಮದಲ್ಲಿ ಸ್ಕ್ಯಾನ್ ಮಾಡಿ ಇಡುತ್ತಿದ್ದಾರೆ. ಕಣ್ಣಿಗೆ ಕಾಣದ ಅಕ್ಷರವೂ ಸ್ಕ್ಯಾನಿನಲ್ಲಿ ಎದ್ದು ಬರುತ್ತದಂತೆ. ಬಸ್ಸಿನಲ್ಲಿ ಇದನ್ನೆಲ್ಲ ಹೇಳುತ್ತಿದ್ದರೆ ಮಾಣಿ ನನ್ನ ಕೈ ಹಿಡಿದು ಕೇಳಿದ, "ಹಾಗಾದ್ರೆ ಜಾಡಿನವರು ನಿಜವಾಗ್ಲೂ ಇದ್ದಾರೆ?"

ಇದ್ದಾರೆ ಅಂದೆ.

ನಾಲ್ಕನೇ ದಿನ: ಕೋಟೆ, ಸಂಪಂಗಿ ಕೆರೆ, ಕರಗ

ಬೆಳಿಗ್ಗೆ ಕೆ.ಆರ್. ಮಾರುಕಟ್ಟೆಯ ಪಕ್ಕದ ಕೋಟೆ. ಉಳಿದಿರುವುದು ಒಂದು ಚೂರು ಮಾತ್ರ. ಗೋಡೆಯ ಮೇಲೆ ಒಂದು ಫಲಕ ಇದೆ. ಈ ಬಿರುಕಿನ ಮೂಲಕ 1791ರ ಮಾರ್ಚ್ 21ರಂದು ಬ್ರಿಟಿಷರ ದಾಳಿ ನಡೆಯಿತು ಎಂದು ಇಂಗ್ಲಿಷಿನಲ್ಲಿದೆ. ಒಳಗೆ ಕೋಟೆ ಕಾಯುತ್ತಿದ್ದ ಕಿಲ್ಲೇದಾರ ಬಹದ್ದೂರ್ ಖಾನ್ ಆ ರಾತ್ರಿ ಹೋರಾಡುತ್ತಲೇ ಸತ್ತ. ಮಾಣಿ ಫಲಕವನ್ನು ಎರಡು ಸಲ ಓದಿದ. ಆ ಹೆಸರು ಅದರಲ್ಲಿ ಇಲ್ಲ. ಅವನು ಏನೂ ಹೇಳದೆ ಕಡತದಲ್ಲಿ ಬಹದ್ದೂರ್ ಖಾನ್ ಎಂದು ಮೊದಲು ಬರೆದ, ತಾರೀಖನ್ನು ಅದರ ಕೆಳಗೆ.

ಅಲ್ಲಿಂದ ಕಂಠೀರವ ಕ್ರೀಡಾಂಗಣ. ಅದು ಸಂಪಂಗಿ ಕೆರೆ ಇದ್ದ ಜಾಗ. ಕೆರೆಯ ಗುರುತಿಗೆ ಪಕ್ಕದಲ್ಲಿ ಒಂದು ಸಣ್ಣ ಕೊಳ ಉಳಿದಿದೆ. ಉಳಿಯಲು ಕಾರಣ ಕರಗ. ಕರಗ ನಡೆಸುವ ತಿಗಳರು ಈ ಕೆರೆಗಳ ನೀರಿನಲ್ಲಿ ಹೂವು, ಸೊಪ್ಪು, ತರಕಾರಿ ಬೆಳೆದವರು. ಕೆರೆ ಹೋಯಿತು, ತೋಟ ಹೋಯಿತು. ಪೂಜೆ ಮಾತ್ರ ಅದೇ ಜಾಗಕ್ಕೆ ಬರಬೇಕು. ಈಗಲೂ ಕರಗದ ದಿನಗಳಲ್ಲಿ ಅದರ ಕಾವಲಿನ ವೀರಕುಮಾರರು ಇಲ್ಲಿಗೆ ಬರುತ್ತಾರೆ. ಅಕ್ಕಿತಿಮ್ಮನಹಳ್ಳಿ ಕೆರೆ ಹಾಕಿ ಆಟದ ಸ್ಟೇಡಿಯಂ ಆಯಿತು, ಶೂಲೆ ಕೆರೆ ಫುಟ್‌ಬಾಲ್ ಸ್ಟೇಡಿಯಂ ಆಯಿತು. ಇಲ್ಲಿ ಒಂದು ಹಿಡಿಯಷ್ಟಾದರೂ ನೀರು ನಿಂತಿದೆ.

ಸಂಜೆ ಮೆಜೆಸ್ಟಿಕ್ಕಿಗೆ ಹೋದೆವು. ಮಾಣಿಗೆ ಹೂವಿನಮ್ಮನನ್ನು ನೋಡಲೇಬೇಕಿತ್ತು. ಅದೇ ಜಾಗದಲ್ಲಿ ಕೂತಿದ್ದರು. ಕರಗದ ದಿನ, ವ್ಯಾಪಾರ ಜೋರು. ಬುಟ್ಟಿ ತುಂಬ ಮಲ್ಲಿಗೆ. ಎರಡು ಮೊಳ ತೆಗೆದುಕೊಂಡು, ಗಿರಾಕಿ ಕಡಿಮೆಯಾಗುವವರೆಗೆ ನಿಂತಿದ್ದು, ಆಮೇಲೆ ಕೇಳಿದೆ.

"ಅಮ್ಮಾ, ಮೊನ್ನೆ ಮಳೆ ಬಂತಲ್ಲ. ನೀವು ನೀರು ಬಂದ ಮೇಲೆ ಜರುಗಿದ್ರಾ, ಬರೋಕ್ಕಿಂತ ಮುಂಚೇನಾ?"

ಆಕೆ ನಾರಿಗೆ ಮೊಗ್ಗು ಕಟ್ಟುತ್ತಲೇ ಇದ್ದರು. ಎರಡು ಮೊಗ್ಗು ಆ ಕಡೆ, ಎರಡು ಈ ಕಡೆ, ಒಂದು ಗಂಟು. ಕೈ ನಿಲ್ಲಲಿಲ್ಲ.

"ನೀರು ಬಂದ್ಮೇಲೆ ಎದ್ರೆ ಹೂವು ಉಳೀತದೇನವ್ವಾ? ಹನಿ ಬಿತ್ತು ಅಂದ್ರೆ ಏರಿ ಕಡೀಕ್ ಜರುಗ್ತೀನಿ."

ಮಾಣಿ ಗೆದ್ದಿದ್ದ. ಆದರೆ ಅವನ ಮುಖದಲ್ಲಿ ಗೆದ್ದ ಸಂತೋಷ ಇರಲಿಲ್ಲ. ಅವನು ನನ್ನನ್ನೇ ನೋಡುತ್ತಿದ್ದ, ನಾನು ಅವನನ್ನು. ಇಬ್ಬರಿಗೂ ಅದೇ ಮಾತು ಕಿವಿಗೆ ಬಿದ್ದಿತ್ತು.

"ಯಾವ ಕಡೆ ಅಂದ್ರಿ ಅಜ್ಜಿ?" ಅಂದ ಮಾಣಿ.

"ಏರಿ ಕಡೀಕ್ ಕಣಪ್ಪ. ಆ ಕಡೆ." ಗಲ್ಲ ಎತ್ತಿ ತೋರಿಸಿದರು. ಅಲ್ಲಿ ಡಾಂಬರು ರಸ್ತೆ, ಮೊಬೈಲ್ ಅಂಗಡಿ, ಒಂದು ಲಾಡ್ಜಿನ ಬೋರ್ಡು.

"ಅಲ್ಲಿ ಏರಿ ಎಲ್ಲಿದೆ?"

ಆಕೆಗೆ ಆ ಪ್ರಶ್ನೆ ಯಾವತ್ತೂ ಬಂದಿರಲಿಲ್ಲ ಅಂತ ಕಾಣುತ್ತದೆ. ಮೊದಲ ಸಲ ಕೈ ನಿಂತಿ‌ತು. "ನಮ್ಮತ್ತೆ ಇಲ್ಲೇ ಕೂರ್ತಿದ್ದದ್ದು. ಮದ್ವೆಯಾಗಿ ಬಂದ ಹೊಸದ್ರಲ್ಲಿ ನಂಗೂ ಹೇಳ್ಕೊಟ್ರು. ಮಳೆ ಬಂದ್ರೆ ಏರಿ ಕಡೀಕ್ ಜರುಗು ಅಂತ. ಅವ್ರಿಗೆ ಅವ್ರತ್ತೆ ಹೇಳಿದ್ರೋ ಏನೋ. ಆ ಕಡೆ ನೀರು ಬರಾಕಿಲ್ಲ. ಅಷ್ಟೇ ನಂಗೊತ್ತು." ಮತ್ತೆ ಮೊಗ್ಗು ಕಟ್ಟಲು ಶುರು ಮಾಡಿದರು. ಹೊರಡುವಾಗ ಮಾಣಿಯ ಕೈಗೆ ಒಂದು ಹಿಡಿ ಬಿಡಿ ಮಲ್ಲಿಗೆ ಹಾಕಿ, ಕರಗಕ್ಕೆ ಎಸೆಯಪ್ಪ ಅಂದರು. ದುಡ್ಡು ಮುಟ್ಟಲಿಲ್ಲ.

ಕೆರೆ ಹೋಗಿ ಎಷ್ಟು ತಲೆಮಾರಾಯಿತು. ನೀರು ಎಲ್ಲಿಂದ ಬರುತ್ತದೆ, ಎಲ್ಲಿ ನಿಂತರೆ ಹೂವು ಉಳಿಯುತ್ತದೆ ಅನ್ನುವ ತಿಳಿವಳಿಕೆ ಅತ್ತೆಯಿಂದ ಸೊಸೆಗೆ ಬರುತ್ತಾ ಇದೆ.

ರಾತ್ರಿ ಪೇಟೆಯ ಬೀದಿಯಲ್ಲಿ ನಿಲ್ಲಲು ಜಾಗ ಇರಲಿಲ್ಲ. ಅಣ್ಣ ಅತ್ತಿಗೆಯೂ ಬಂದಿದ್ದರು. ತಿಗಳರಪೇಟೆಯ ಧರ್ಮರಾಯ ಸ್ವಾಮಿ ದೇವಸ್ಥಾನದಿಂದ ಕರಗ ಹೊರಟಿದ್ದು ನಡುರಾತ್ರಿ ಕಳೆದ ಮೇಲೆ. ಮೊದಲು ಕತ್ತಿ ಹಿಡಿದ ವೀರಕುಮಾರರು ಬಂದರು. ಬರಿಮೈ, ತಲೆಗೆ ಪೇಟ, ಬಾಯಲ್ಲಿ ಗೋವಿಂದ ಗೋವಿಂದ. ಅವರ ಹಿಂದೆ ಅರಿಶಿನ ಬಣ್ಣದ ಸೀರೆ, ತಲೆಯ ಮೇಲೆ ಮಲ್ಲಿಗೆಯ ಗೋಪುರ. ದ್ರೌಪದಿಯೇ ನಡೆದು ಬರುತ್ತಾಳೆ ಎಂದು ನಂಬಿಕೆ. ಕೈ ಮುಟ್ಟದೆ, ತಲೆಯ ಮೇಲೆ ಹೊತ್ತ ಕರಗ ಅಲುಗುತ್ತಾ ಬಂತು, ಬೀಳಲಿಲ್ಲ. ಬೆಳಗಾಗುವವರೆಗೆ ಅದು ಪೇಟೆ ಸುತ್ತುತ್ತದೆ, ತವಕ್ಕಲ್ ಮಸ್ತಾನ್ ದರ್ಗಾಕ್ಕೂ ಹೋಗುತ್ತದೆ. ಮಾಣಿ ಅಣ್ಣನ ಹೆಗಲ ಮೇಲಿದ್ದ. ಮುಷ್ಟಿ ಬಿಚ್ಚಿ ಮಲ್ಲಿಗೆ ಎಸೆದ. ಅಂಗೈಯ ಬಿಸಿಗೆ ಹೂವು ಆಗಲೇ ಅರಳಿತ್ತು.

ಮಾರನೇ ದಿನ ರಾತ್ರಿ ರೈಲು ಹತ್ತಿದೆ. ಕಡತ ನಿನ್ನ ಹತ್ತಿರವೇ ಇರಲಿ ಅತ್ತೆ, ಮುಂದಿನ ಸಲ ತಾ ಅಂದಿದ್ದ. ಯಶವಂತಪುರ ದಾಟಿದ ಮೇಲೆ ಬರ್ತಿನ ದೀಪ ಹಾಕಿ ಬಿಚ್ಚಿದೆ. ಕೊನೆಯ ಮಡಿಕೆಯಲ್ಲಿ ಹೊಸ ಬರಹ ಇತ್ತು. ನಾನು ಮಲಗಿದ್ದಾಗ ಬರೆದಿರಬೇಕು.

ಗುರುತು: ಏರಿ ಅನ್ನೋ ಮಾತು.
ಸಿಕ್ಕಿದ ಜಾಗ: ಧರ್ಮಾಂಬುಧಿ ಕೆರೆ.
ಸಾಕ್ಷಿ: ಹೂವಿನಜ್ಜಿ, ಅವರ ಅತ್ತೆ, ನನ್ನ ಅತ್ತೆ, ನಾನು.

ಅದರ ಕೆಳಗೆ ಒಂದು ೞ. ಕೊಂಡಿ ಸರಿ ಬರಲಿಲ್ಲ ಎಂದು ಎರಡು ಸಲ ಅಳಿಸಿ ಬರೆದದ್ದು ಬಟ್ಟೆಯ ಮೇಲೆ ಕಾಣುತ್ತಿತ್ತು.